ವೈರಿನ ಆ ಕಡೆಯ ಪ್ರಾಣಿಗಳು

ನಮ್ಮ ಮನೆಯಲ್ಲಿ ಯಾರೂ ಮೆಲ್ಲಗೆ ಮಾತಾಡುತ್ತಿರಲಿಲ್ಲ. ಒಂದೋ ಕೂಗಬೇಕು, ಇಲ್ಲವೇ ಕೈಸನ್ನೆ ಮಾಡಬೇಕು. ಹಿಂದೂಪುರದ ನೇಕಾರರ ಬೀದಿಯ ಆ ಮನೆಯ ನಡುಮನೆಯನ್ನು ಎರಡು ಪವರ್‌ಲೂಮುಗಳು ನುಂಗಿಕೊಂಡಿದ್ದವು. ಕರೆಂಟು ಇದ್ದಷ್ಟು ಹೊತ್ತೂ ಲಾಳಿಗಳು ಆ ಕಡೆಯಿಂದ ಈ ಕಡೆಗೆ, ಈ ಕಡೆಯಿಂದ ಆ ಕಡೆಗೆ ಬಡಿದುಕೊಳ್ಳುತ್ತಲೇ ಇರುತ್ತಿದ್ದವು. ಗೋಡೆಗೆ ಬೆನ್ನು ಕೊಟ್ಟು ಕೂತರೆ ಬೆನ್ನು ನಡುಗುತ್ತಿತ್ತು, ತಟ್ಟೆಯ ಮುಂದೆ ಕೂತರೆ ಲೋಟದ ನೀರು ನಡುಗುತ್ತಿತ್ತು. ಅಮ್ಮ ಅಪ್ಪನನ್ನು ಊಟಕ್ಕೆ ಕರೆಯಬೇಕಾದರೆ ಅಡುಗೆಮನೆಯ ಬಾಗಿಲಲ್ಲಿ ನಿಂತು ಬೆರಳುಗಳನ್ನು ಬಾಯಿಯತ್ತ ತೋರಿಸುತ್ತಿದ್ದಳು. ಅಪ್ಪ ತಲೆಯಾಡಿಸಿ ಇನ್ನೊಂದಷ್ಟು ನೇಯುತ್ತಿದ್ದ. ನಾನು ಸ್ಕೂಲಿನಿಂದ ಬಂದು ರಾಟೆಯ ಮುಂದೆ ಕೂತು ಕಂಡಿಕೆಗೆ ನೂಲು ಸುತ್ತಬೇಕಿತ್ತು. ಕೂರುತ್ತಿದ್ದೆ, ಏಳುತ್ತಿದ್ದೆ, ನೂಲು ಹರಿಯುತ್ತಿತ್ತು, ಬೈಸಿಕೊಳ್ಳುತ್ತಿದ್ದೆ. ಅಜ್ಜಿ, ಎಂದರೆ ಅಪ್ಪನ ಅಮ್ಮ, ನನ್ನ ಪಕ್ಕದಲ್ಲೇ ಇನ್ನೊಂದು ರಾಟೆ ಹಿಡಿದು ಕೂತಿರುತ್ತಿದ್ದಳು. ಬೀದಿಯಲ್ಲಿ ಯಾರು ಸಿಕ್ಕರೂ ನನ್ನ ಬಗ್ಗೆ ಅವಳು ಹೇಳುತ್ತಿದ್ದುದು ಒಂದೇ ಮಾತು.

"ಇವಳ ಕಾಲಿಗೆ ಚಕ್ರ ಕಟ್ಟವ್ರೆ ಕಣಮ್ಮ. ಕುಂತ್ಕ ಅಂದ್ರೆ ನಿಂತ್ಕಂತಾಳೆ. ನಿಂತ್ಕ ಅಂದ್ರೆ ಬೀದೀಲಿರ್ತಾಳೆ."

ಅಂಥ ನನ್ನನ್ನು ಒಂದು ಕಡೆ ಕೂರಿಸಿದ್ದು ಚಿಕ್ಕಪ್ಪ ಕುವೈತಿನಿಂದ ತಂದ ಗೇಮು. ಅವನು ಅಲ್ಲಿ ಒಬ್ಬ ಸಾಹುಕಾರನ ಮನೆಯಲ್ಲಿ ಡ್ರೈವರಾಗಿದ್ದ. ಆ ಮನೆಯ ಮಕ್ಕಳು ಆಡಿ ಬಿಟ್ಟ ಎರಡು ಗೇಮುಗಳನ್ನು ರಜಕ್ಕೆ ಬರುವಾಗ ಬಟ್ಟೆಗಳ ನಡುವೆ ಸುತ್ತಿ ತಂದಿದ್ದ. ಇಟ್ಟಿಗೆಯಂಥ ಬೂದು ಡಬ್ಬಿ, ಅಂಗೈಯಗಲದ ಹಸಿರು ಹಸಿರು ಪರದೆ, ನಾಲ್ಕು ಪೆನ್ಸಿಲ್ ಸೆಲ್ಲು. ಒಂದನ್ನು ನನಗೆ ಕೊಟ್ಟ. ಇನ್ನೊಂದನ್ನು ಕಲ್ಯಾಣದುರ್ಗದಲ್ಲಿದ್ದ ನಮ್ಮತ್ತೆಯ ಮನೆಗೆ ಕೊಟ್ಟ. ಅತ್ತೆ ಎಂದರೆ ಅಪ್ಪನ ಒಬ್ಬಳೇ ತಂಗಿ. ಅತ್ತೆಯ ಮಗಳು ಸುಜಾತ ನನ್ನದೇ ವಯಸ್ಸಿನವಳು. ಎರಡನ್ನೂ ಜೋಡಿಸುವ ಒಂದು ವೈರಿತ್ತು. ನ್ಯಾಯವಾಗಿರಲೆಂದು, ಎರಡರಲ್ಲಿ ದೊಡ್ಡ ಡಬ್ಬಿಯನ್ನು ಆರಿಸಿಕೊಂಡವಳು ನಾನಾದ್ದರಿಂದ ವೈರನ್ನು ಅವನು ಸುಜಾತಳ ಕೈಗೆ ಕೊಟ್ಟ.

ಆಟವನ್ನು ವಿವರಿಸಿದ್ದೂ ಅವನೇ. ಅದರೊಳಗೆ ಒಂದು ಸೀಮೆಯಿತ್ತು. ಊರು, ಕಾಡು, ಗುಹೆ, ಸಮುದ್ರ. ಹುಲ್ಲಿನೊಳಗೆ ನಡೆದರೆ ಎಲ್ಲಿಂದಲೋ ಒಂದು ಪ್ರಾಣಿ ಎದುರಾಗುತ್ತಿತ್ತು. ಅದರ ಜೊತೆ ಕಾದಾಡಿ, ದಣಿಸಿ, ಹಿಡಿಯಬೇಕು. ಹಿಡಿದದ್ದನ್ನು ಸಾಕಿದರೆ ಅದು ಬೆಳೆದು ಬೇರೆಯೇ ರೂಪ ತಾಳುತ್ತಿತ್ತು. ಒಟ್ಟು ನೂರೈವತ್ತು. ಹಿಡಿದವುಗಳ ಚಿತ್ರ ಡಬ್ಬಿಯೊಳಗೇ ಸಾಲಾಗಿ ಕೂಡುತ್ತ ಹೋಗುತ್ತಿತ್ತು, ಹಿಡಿಯದವುಗಳ ಜಾಗದಲ್ಲಿ ಬರೀ ಗೆರೆ. ಒಮ್ಮೆ ಕೈಗೆ ಬಂದದ್ದರ ಚಿತ್ರ, ಅದನ್ನು ಬೇರೆಯವರಿಗೆ ಕೊಟ್ಟರೂ ಅಳಿಯುತ್ತಿರಲಿಲ್ಲ. ಆದರೆ ಚಿಕ್ಕಪ್ಪ ಒಂದು ಮಾತನ್ನು ಒತ್ತಿ ಹೇಳಿದ್ದ.

"ನಿನ್ನ ಡಬ್ಬೀಲಿ ಇರೋ ಕೆಲವು ಅವ್ಳ ಡಬ್ಬೀಲಿಲ್ಲ. ಅವ್ಳದ್ರಲ್ಲಿರೋವು ನಿನ್ನದ್ರಲ್ಲಿಲ್ಲ. ಇನ್ನ ಕೆಲವು ಅವೆ, ವೈರ್ ದಾಟಿ ಆ ಕಡೆ ಹೋದ್ರೇನೇ ಬೆಳೆಯೋದು. ಒಬ್ರೇ ಆಡಿದ್ರೆ ಜನ್ಮದಲ್ಲಿ ಪೂರ್ತಿ ಆಗಾಕಿಲ್ಲ."

ಆ ಪರದೆಗೆ ಒಳಗಿನ ಬೆಳಕಿರಲಿಲ್ಲ. ನಾನು ಬೆಳಕನ್ನು ಅಟ್ಟಿಸಿಕೊಂಡು ಮನೆಯೆಲ್ಲ ಅಲೆದೆ. ಬೆಳಿಗ್ಗೆ ಬಚ್ಚಲ ಕಿಟಕಿ, ಮಧ್ಯಾಹ್ನ ಹಿತ್ತಲ ಬಾಗಿಲು, ಸಂಜೆ ಮುಂಬಾಗಿಲ ಹೊಸಲು. ಇಂಗ್ಲಿಷಿನಲ್ಲಿ ಬರುತ್ತಿದ್ದ ಹೆಸರುಗಳು ನನ್ನ ಬಾಯಿಗೆ ಹತ್ತುತ್ತಿರಲಿಲ್ಲವಾದ್ದರಿಂದ ನಾನೇ ಹೆಸರಿಟ್ಟೆ. ಮೊಂಡುಮೂಗ, ನೀರುಗುಳ್ಳಿ, ಗೊರಕೆಪ್ಪ. ಗುಹೆಯೊಂದರಲ್ಲಿ ಸಿಕ್ಕ, ಕೈಕಾಲು ಮೂಡಿದ ಕಲ್ಲಿನಂಥದ್ದಕ್ಕೆ ಬಂಡೆಮರಿ ಎಂದು ಕರೆದೆ. ಅದು ನನ್ನ ಮುದ್ದಿನದು. ಗೆದ್ದ ಕಾದಾಟಗಳಲ್ಲಿ ಮುಕ್ಕಾಲು ಪಾಲು ಅದರದೇ. ಅಪ್ಪ ಮಗ್ಗದ ಮುಂದಿನಿಂದ ನನ್ನತ್ತ ಆಗಾಗ ಒಂದು ನೋಟ ಎಸೆಯುತ್ತಿದ್ದ, ಏನೂ ಅನ್ನುತ್ತಿರಲಿಲ್ಲ. ಮಗಳು ಕೂತಿದ್ದಾಳಲ್ಲ, ಅಷ್ಟು ಸಾಕು ಎಂದುಕೊಂಡಿರಬೇಕು. ನಾನು ಕೂತಿದ್ದು ನಿಜ. ಒಳಗೆ ಮಾತ್ರ ಓಡುತ್ತಲೇ ಇದ್ದೆ.

ಚಿಕ್ಕಪ್ಪ ವಾಪಸು ಹೋದ ಮೇಲೆ ಜಗಳವಾಯಿತು. ನಮ್ಮಕ್ಕ ಭಾರತಿಯನ್ನು ಅತ್ತೆಯ ಮಗ ರಮೇಶನಿಗೆ ಕೊಡುವುದೆಂದು ಅವಳು ತೊಟ್ಟಿಲಲ್ಲಿದ್ದಾಗಲೇ ಮಾತಾಗಿತ್ತು. ನಾನು ಅವನನ್ನು ಭಾವ ಎಂದೇ ಕರೆಯುತ್ತಿದ್ದೆ. ಅಕ್ಕನ ಇಂಟರ್, ಎಂದರೆ ಪಿಯುಸಿ, ಮುಗಿದ ಬೇಸಿಗೆಯಲ್ಲಿ ಅತ್ತೆ ಎಲೆ, ಅಡಿಕೆ, ಹೂವು, ಸೀರೆ ಜೋಡಿಸಿದ ತಟ್ಟೆ ಹಿಡಿದು ಬಂದಳು. ಆ ದಿನ ಅಪ್ಪ ಮಗ್ಗ ನಿಲ್ಲಿಸಿದ್ದ. ಮನೆ ಎಷ್ಟು ನಿಶ್ಶಬ್ದವಾಗಿತ್ತೆಂದರೆ ಏನಂತೀಯ ಎಂದು ಅಪ್ಪ ಕೇಳಿದ್ದಕ್ಕೆ ಅಕ್ಕ ಅಡುಗೆಮನೆಯೊಳಗಿಂದ ಸಣ್ಣ ದನಿಯಲ್ಲಿ ಹೇಳಿದ್ದೂ ಎಲ್ಲರಿಗೂ ಕೇಳಿಸಿತು.

"ನಂಗೆ ಈಗ ಬ್ಯಾಡ. ನಾನು ಓದ್ಬೇಕು."

ಅತ್ತೆ ಮೊದಲು ನಕ್ಕಳು. ಅಪ್ಪ ಮಗಳನ್ನು ಗದರಿಸುತ್ತಾನೆಂದು ಕಾದಳು. ಅಪ್ಪ ಗದರಿಸಲಿಲ್ಲ. "ಅವ್ಳು ಬ್ಯಾಡ ಅಂದ್ರೆ ಬ್ಯಾಡ ಕಣಮ್ಮ" ಎಂದ. ಆಮೇಲೆ ಮಾತಿಗೆ ಮಾತು ಬೆಳೆಯಿತು. ಓದಿ ಕಲೆಕ್ಟರಾಗ್ತಾಳಾ ಎಂದಳು ಅತ್ತೆ. ಇನ್ನೂ ಏನೇನೋ ಅಂದಳು, ಅಕ್ಕನ ನಡತೆಗೆ ತಗಲುವಂಥವು. ತಂದ ತಟ್ಟೆಯನ್ನು ತಂದ ಹಾಗೆಯೇ ಎತ್ತಿಕೊಂಡು ಹೊರಟಳು. ಬಾಗಿಲ ತನಕ ಹೋದವಳ ಬೆನ್ನಿಗೆ ಅಪ್ಪ ಕೂಗಿದ.

"ನನ್ ಮಗಳ್ನ ಅಂಗಂದೋಳ ಮನೆ ಹೊಸಲು ನಾನು ತುಳಿಯಲ್ಲ. ಈ ಮನೆಯೋರು ಯಾರೂ ತುಳಿಯಲ್ಲ!"

ಮಗ್ಗ ಮತ್ತೆ ಶುರುವಾಯಿತು. ಅಜ್ಜಿ ರಾಟೆಯ ಮುಂದೆ ಕೂತಳು. ಹಬ್ಬಗಳು ಬಂದುಹೋದವು, ಕಲ್ಯಾಣದುರ್ಗದಿಂದ ಯಾರೂ ಬರಲಿಲ್ಲ, ಇಲ್ಲಿಂದ ಯಾರೂ ಹೋಗಲಿಲ್ಲ. ಅಜ್ಜಿ ಮಗಳ ಹೆಸರನ್ನೇ ಎತ್ತುತ್ತಿರಲಿಲ್ಲ. ಶೇಂಗಾ ಚಟ್ನಿಪುಡಿ ಕುಟ್ಟುವಾಗ ಮಾತ್ರ ಮೊದಲಿನಂತೆ ಹೆಚ್ಚು ಕುಟ್ಟುತ್ತಿದ್ದಳು. ಅತ್ತೆಗೆಂದು ತೆಗೆದಿಡುತ್ತಿದ್ದ ಪಾಲದು. ಡಬ್ಬಿಯಲ್ಲೇ ಮುಗ್ಗಲು ಬಂದು ಅಮ್ಮ ಅದನ್ನು ಸದ್ದಿಲ್ಲದೆ ಚೆಲ್ಲುತ್ತಿದ್ದಳು.

ಅಷ್ಟರಲ್ಲಿ ನನ್ನ ಡಬ್ಬಿಯೊಳಗಿನ ಸೀಮೆಯಲ್ಲಿ ನಾನು ನೋಡದ ಜಾಗವೇ ಉಳಿದಿರಲಿಲ್ಲ. ಎಲ್ಲ ಗುಹೆ ಹೊಕ್ಕಿದ್ದೆ, ಎಲ್ಲ ನೀರಿಗೂ ಗಾಳ ಹಾಕಿದ್ದೆ. ಆದರೂ ಸಾಲಿನ ನಡುನಡುವೆ ಗೆರೆಗಳು ಹಾಗೆಯೇ ಇದ್ದವು, ಹಲ್ಲುದುರಿದ ಬಾಯಿಯ ಹಾಗೆ. ಅವೆಲ್ಲ ವೈರಿನ ಆ ಕಡೆ ಇದ್ದವು. ನನಗೆ ಊಟ ಸೇರುತ್ತಿರಲಿಲ್ಲ. ಹೋದ ಗುಹೆಗೇ ಮತ್ತೆ ಹೋಗಿ ಸುತ್ತುತ್ತಿದ್ದೆ. ಒಂದು ದಿನ ಕರೆಂಟು ಹೋಗಿ ಮಗ್ಗ ನಿಂತಾಗ, ಹಿತ್ತಲ ಬಾಗಿಲಲ್ಲಿ ಕೂತು ಅಳುತ್ತಿದ್ದ ನನ್ನನ್ನು ಅಜ್ಜಿ ಕೇಳಿದಳು.

"ಏನೇ ಅದು? ಏನ್ ಸಿಗ್ಲಿಲ್ಲ ನಿಂಗೆ?"

ನಾನು ಎಲ್ಲ ಹೇಳಿದೆ. ಬಂಡೆಮರಿ ಆ ಕಡೆ ದಾಟಿದರೆ ಬೆಟ್ಟದಂತೆ ಬೆಳೆಯುತ್ತದೆ, ಸುಜಾತಳ ಹತ್ತಿರ ಇರುವವು ನನಗೆ ಬರಬೇಕು, ನನ್ನವು ಅವಳಿಗೆ ಹೋಗಬೇಕು, ವೈರು ಅಲ್ಲಿದೆ. ಅಜ್ಜಿಗೆ ಅರ್ಥವಾಗಿದ್ದು ಎಷ್ಟೋ ಗೊತ್ತಿಲ್ಲ. ಅವಳು ಹುಬ್ಬು ಗಂಟಿಕ್ಕಿ, ಬಹಳ ಗಂಭೀರವಾಗಿ ಕೇಳಿಸಿಕೊಂಡಳು.

"ಅಂಗಾದ್ರೆ ಕಲ್ಯಾಣದುರ್ಗಕ್ಕೆ ಹೋಗ್ದೆ ಇದು ಮುಗಿಯಾಕಿಲ್ಲ ಅನ್ನು."

"ಇಲ್ಲಜ್ಜಿ."

"ಮಗೀನ ಕೆಲಸ ಅರ್ಧಕ್ಕೆ ನಿಲ್ಲಬಾರ್ದು ಕಣಮ್ಮ" ಎಂದಳು ಅಜ್ಜಿ, ನನಗಲ್ಲ, ಒಲೆಯ ಮುಂದಿದ್ದ ಅಮ್ಮನಿಗೆ. ಅಮ್ಮ ತಿರುಗಿ ನೋಡಲಿಲ್ಲ. ಆದರೆ ಅಪ್ಪ ರೇಷ್ಮೆ ತರಲು ಧರ್ಮಾವರಕ್ಕೆ ಹೋದ ಶನಿವಾರ ಬೆಳಿಗ್ಗೆ ಚಟ್ನಿಪುಡಿಯ ಡಬ್ಬಿಯನ್ನು ಬಟ್ಟೆಯಲ್ಲಿ ಕಟ್ಟಿ ಅಜ್ಜಿಯ ಚೀಲಕ್ಕೆ ಹಾಕಿದವಳು ಅಮ್ಮನೇ.

ಸೋಮಂದೇಪಲ್ಲಿ ದಾಟಿ, ಪೆನುಕೊಂಡದಲ್ಲಿ ಬಸ್ಸು ಬದಲಿಸಿದೆವು. "ಯಾಡಿಕವ್ವಾ?" ಎಲ್ಲಿಗೆಂದು ಕಂಡಕ್ಟರ್ ತೆಲುಗಿನಲ್ಲಿ ಕೇಳಿದ. "ಮಾ ಬಿಡ್ಡ ಇಂಟಿಕಿ ನಾಯನಾ, ಕಲ್ಯಾಣದುರ್ಗಂ" ಎಂದಳು ಅಜ್ಜಿ. ನಮ್ಮ ಮಗಳ ಮನೆಗೆ. ಆ ಮಾತನ್ನು ಅವಳ ಬಾಯಲ್ಲಿ ಕೇಳಿ ಎಷ್ಟು ಕಾಲವಾಗಿತ್ತೋ. ದಾರಿಯುದ್ದಕ್ಕೂ ಅವಳು ಸೆರಗಿನ ತುದಿಯನ್ನು ಬೆರಳಿಗೆ ಸುತ್ತುತ್ತ ಬಿಚ್ಚುತ್ತ ಕೂತಿದ್ದಳು. ನಾನು ಸೀಟಿನಲ್ಲಿ ಏಳುತ್ತ ಕೂರುತ್ತ ಇದ್ದೆ. ಅವತ್ತು ಮಾತ್ರ ಅವಳು ನನ್ನನ್ನು ಬೈಯಲಿಲ್ಲ.

ಅತ್ತೆ ಬಾಗಿಲಲ್ಲಿ ನಮ್ಮನ್ನು ಕಂಡು ಮೊರ ಹಿಡಿದವಳು ಹಾಗೆಯೇ ನಿಂತಳು.

"ಈಗ ನೆಪ್ಪಾಯ್ತೇನವ್ವಾ?"

"ನಿನ್ನ ನೋಡಾಕೆ ಬಂದಿಲ್ಲ ನಾನು" ಎಂದಳು ಅಜ್ಜಿ. "ಈ ಮಗೀನ ಪ್ರಾಣಿಗಳ್ನ ಜೋಡಿಸ್ಬೇಕಂತೆ. ವೈರ್ ನಿಮ್ಮನೇಲೈತಂತೆ. ಅದಕ್ಕೆ ಬಂದಿವ್ನಿ."

ಅತ್ತೆ ಮೊರ ಕೆಳಗಿಟ್ಟು ದಾರಿ ಬಿಟ್ಟಳು. ಮಾವ ಮತ್ತು ರಮೇಶ ಭಾವ ತಮ್ಮ ಬೀಜದಂಗಡಿಗೆ ಹೋಗಿದ್ದರು. ಅಂಗಳದಲ್ಲಿ ಬೇವಿನ ಮರ, ಮರದ ಕೆಳಗೆ ಕಲ್ಲುಚಪ್ಪಡಿ. ಆ ಮನೆಯಲ್ಲಿ ಮಗ್ಗವಿರಲಿಲ್ಲ. ಚಪ್ಪಡಿಯ ಮೇಲೆ ಸುಜಾತಳ ಎದುರು ಕೂತು ಡಬ್ಬಿ ಹಚ್ಚಿದಾಗ ಅದರೊಳಗಿಂದ ಒಂದು ಹಾಡು ಬಂತು. ನಾನು ಬೆಚ್ಚಿಬಿದ್ದೆ. ಆಟಕ್ಕೆ ಹಾಡಿದೆ ಎಂಬುದೇ ನನಗೆ ಅಲ್ಲಿಯ ತನಕ ಗೊತ್ತಿರಲಿಲ್ಲ. ಮನೆಯಲ್ಲಿ ನಾನು ಆಡುತ್ತಿದ್ದುದು ಮಗ್ಗದ ಸದ್ದಿನಲ್ಲೇ, ಅದು ನಿಂತರೆ ನನ್ನನ್ನು ಏನಾದರೂ ಕೆಲಸಕ್ಕೆ ಎಬ್ಬಿಸುತ್ತಿದ್ದರು. ಕಾಡಿಗೊಂದು ಹಾಡು, ಊರಿಗೊಂದು, ಗುಹೆಗೊಂದು. ಇಷ್ಟು ದಿನ ನಾನು ಕಿವುಡಿಯ ಹಾಗೆ ಆ ಸೀಮೆಯಲ್ಲಿ ಅಲೆದಿದ್ದೆ. ಸುಜಾತ ನನ್ನ ಮುಖ ನೋಡಿ ನಕ್ಕಳು. ಅದು ಸ್ನೇಹದ ನಗೆಯಾಗಿರಲಿಲ್ಲ.

ವೈರು ಜೋಡಿಸಿ ಒಂದೊಂದನ್ನೇ ಬದಲಾಯಿಸಿಕೊಂಡೆವು. ಅವಳದೊಂದು ನನಗೆ, ನನ್ನದೊಂದು ಅವಳಿಗೆ. ಪರದೆಯ ಮೇಲೆ ಒಂದು ಚೆಂಡು ಕೊಳವೆಯೊಳಗೆ ಉರುಳಿಕೊಂಡು ಹೋಗುವುದು ಕಾಣುತ್ತಿತ್ತು, ನಮ್ಮ ನಡುವಿನ ವೈರಿನೊಳಗೇ ಹೋಗುತ್ತಿದೆಯೇನೋ ಅನಿಸುತ್ತಿತ್ತು. ಗೆರೆಗಳು ಒಂದೊಂದಾಗಿ ತುಂಬಿದವು. ಕೊನೆಗೆ ಬಂಡೆಮರಿಯನ್ನು ಕಳಿಸಿದೆ. ಅದು ಆ ಕಡೆ ಮುಟ್ಟಿ, ನಡುಗಿ, ಬೆಳ್ಳಗೆ ಹೊಳೆದು, ನಾಲ್ಕು ಪಟ್ಟು ದೊಡ್ಡದಾಯಿತು. ಸುಜಾತಳ ಪರದೆಯ ಮೇಲೆ ನಾನದನ್ನು ನೋಡಿದೆ. ಬದಲಿಗೆ ಅವಳು ಕಳಿಸಿದ್ದು ಒಂದು ಬಡಕಲು ಹುಳ. ಅದನ್ನು ಮತ್ತೆ ಅವಳಿಗೆ ಕೊಟ್ಟು ಬಂಡೆಮರಿಯನ್ನು ವಾಪಸು ತರಿಸಿಕೊಳ್ಳುವುದೆಂದು ಮಾತಾಗಿತ್ತು.

ಸುಜಾತ ವೈರು ಕಿತ್ತಳು.

"ಕೊಡಾಕಿಲ್ಲ. ನಮ್ಮಣ್ಣನ್ನ ಬ್ಯಾಡ ಅಂದೋರಿಗೆ ನಾನ್ಯಾಕ್ ಕೊಡ್ಲಿ?"

ನಾನು ಅವಳ ಜಡೆಗೆ ಕೈ ಹಾಕಿದೆ, ಅವಳು ನನ್ನ ಕೆನ್ನೆ ಪರಚಿದಳು. ಅಜ್ಜಿ, ಅತ್ತೆ ಇಬ್ಬರೂ ಓಡಿಬಂದು ನಮ್ಮನ್ನು ಬಿಡಿಸಿದರು. ಅಷ್ಟು ಹೊತ್ತು ಅಡುಗೆಮನೆಯಲ್ಲಿ ಬೆನ್ನು ಬೆನ್ನು ಹಾಕಿ ಕೂತಿದ್ದ ಅವರಿಬ್ಬರ ಬಾಯಿ ಈಗ ತೆರೆಯಿತು.

"ನೋಡವ್ವಾ, ಕೂಸೂ ಅದ್ನೇ ಕೇಳ್ತಾವ್ಳೆ" ಎಂದಳು ಅತ್ತೆ. "ಬ್ಯಾಡ ಅನ್ನಾಕೆ ನಮ್ಮಲ್ಲೇನು ಕಮ್ಮಿಯಾಗಿತ್ತು? ಬೀದಿ ಜನ ಎಲ್ಲ ನೋಡ್ತಿದ್ರು, ತಟ್ಟೆ ಹಿಡ್ಕಂಡು ಬಸ್ಟಾಂಡ್‌ಗಂಟ ನಡ್ಕಂಡೋದೆ ನಾನು."

"ಏನೂ ಕಮ್ಮಿ ಇರ್ಲಿಲ್ಲ ಕಣಮ್ಮ."

"ಮತ್ತೆ?"

ಅಜ್ಜಿ ಚಪ್ಪಡಿಯ ಮೇಲೆ ಕೂತಳು.

"ನಿನ್ನ ಈ ಮನೆಗೆ ಕೊಡೋವಾಗ ನಿನ್ನ ಯಾರಾನ ಕೇಳಿದ್ರಾ? ನಾನು ಕೇಳ್ಲಿಲ್ಲ, ನಿಮ್ಮಪ್ಪ ಕೇಳ್ಲಿಲ್ಲ. ನನ್ನನ್ನೂ ಯಾರೂ ಕೇಳಿರ್ಲಿಲ್ಲ. ಈ ಮನೆತನದಲ್ಲಿ ಕೇಳಿದ್ದು ಅಂದ್ರೆ ಭಾರತಿ ಒಬ್ಬಳ್ನೇ. ಕೇಳಿದ್ ಮ್ಯಾಲೆ ಅವ್ಳು ಹೇಳಿದ್ದನ್ನ ಒಪ್ಪಬೇಕಲ್ಲಮ್ಮ."

ಅತ್ತೆ ಚಪ್ಪಡಿಯ ಮೇಲೆ ಬಿದ್ದಿದ್ದ ವೈರನ್ನು ಎತ್ತಿ ಸುತ್ತಿಟ್ಟಳು. ಆಮೇಲೆ, "ನೀ ಕೇಳಿದ್ರೆ ನಾನೂ ಬ್ಯಾಡ ಅಂತಿದ್ನೇನೋ" ಎಂದು ಹೇಳಿ ಒಳಗೆ ಹೋದಳು. ಒಳಗಿನಿಂದ ಒನಕೆಯ ಸದ್ದು ಶುರುವಾಯಿತು. ಅಜ್ಜಿ ಎದ್ದು ಹೋಗಿ ಅವಳ ಜೊತೆ ತಾನೂ ಕುಟ್ಟಲು ನಿಂತಳು. ನಾವಿಬ್ಬರೂ ಅಂಗಳದ ಎರಡು ಮೂಲೆಗಳಲ್ಲಿ ಮುಖ ಊದಿಸಿಕೊಂಡು ಕೂತಿದ್ದೆವು. ಆ ಮಾತುಗಳ ಅರ್ಥ ನನಗೆ ಆಗ ಆಗಲಿಲ್ಲ, ಆದರೆ ಮೊದಲು ಅಕ್ಕರೆಯ ಅತ್ತೆಯೆಂದೂ ಆಮೇಲೆ ನಮ್ಮ ಶತ್ರುವೆಂದೂ ನಾನು ತಿಳಿದಿದ್ದವಳು ಆ ಸಂಜೆ ಎರಡೂ ಅಲ್ಲದ ಇನ್ನೊಬ್ಬಳಂತೆ ಕಂಡಳು.

ಭಾವ ಅಂಗಡಿ ಮುಚ್ಚಿ ಬಂದ. ನನ್ನ ಕೆನ್ನೆಯ ಗೀರು, ತಂಗಿಯ ಕೆದರಿದ ಜಡೆ ನೋಡಿ ಸಂಗತಿ ಕೇಳಿಕೊಂಡ. ಚಿಕ್ಕ ಟಾರ್ಚಿಗೆಂದು ತಂದಿದ್ದ ಹೊಸ ಪೆನ್ಸಿಲ್ ಸೆಲ್ಲುಗಳನ್ನು ಜೇಬಿನಿಂದ ತೆಗೆದು ನಮ್ಮ ಆಟಕ್ಕೆಂದು ಚಪ್ಪಡಿಯ ಮೇಲಿಟ್ಟ. ಸುಜಾತಳ ಕಡೆ ತಿರುಗಿ ಹೇಳಿದ.

"ಅದ್ನ ವಾಪಸ್ ಕೊಟ್ಬುಡು. ನಂದು ಏನಾನ ಜಗಳ ಇದ್ರೆ ನಾನೇ ಆಡ್ಕಂತೀನಿ, ನೀನಾಡ್ಬ್ಯಾಡ."

ಕಾಲು ತೊಳೆಯಲು ಹೋಗುತ್ತ ನನ್ನ ಪಕ್ಕ ಒಂದು ಕ್ಷಣ ನಿಂತ.

"ಭಾರತಿ ಓದ್ತಾವ್ಳಾ?"

"ಊಂ."

"ಓದ್ಲಿ" ಎಂದ. ಅಷ್ಟೇ. ಆಮೇಲೆ ಮುಖಕ್ಕೆ ಬಹಳ ಹೊತ್ತು ನೀರು ಎರಚಿಕೊಂಡ.

ಮಾರನೆಯ ದಿನ ಬೆಳಕು ಚೆನ್ನಾಗಿ ಬಿದ್ದ ಮೇಲೆ ಮತ್ತೆ ವೈರು ಜೋಡಿಸಿದೆವು. ಬಂಡೆಮರಿ ಬಂಡೆಯಾಗಿ ಮನೆಗೆ ಬಂತು. ಸುಜಾತ ಮಾತಾಡುತ್ತಿರಲಿಲ್ಲ, ಆದರೆ ನಾನು ಕೇಳುವ ಮೊದಲೇ ಮುಂದಿನದನ್ನು ಆರಿಸಿ ಇಟ್ಟಿರುತ್ತಿದ್ದಳು. ನಾನು ಬಂಡೆಮರಿ ಎನ್ನುತ್ತಿದ್ದುದನ್ನು ಅವಳು ಗುಂಡುಸಾಮಿ ಎನ್ನುತ್ತಿದ್ದಳೆಂದು ಗೊತ್ತಾದಾಗ ಇಬ್ಬರಿಗೂ ನಗು ತಡೆಯಲಾಗಲಿಲ್ಲ. ನನಗೆ ಉಳಿದಿದ್ದು ಒಂದೇ ಗೆರೆ. ಆ ಕೊನೆಯ ಪ್ರಾಣಿ ಕೊಳವೆಯೊಳಗೆ ಉರುಳುತ್ತಿರುವಾಗಲೇ ಗೇಟು ಕಿರುಗುಟ್ಟಿತು. ಅಮ್ಮನಿಂದ ತಿಳಿದು ಅಪ್ಪ ಬಂದಿದ್ದ. ಮುಖ ಬೆವರಿನಿಂದ ಹೊಳೆಯುತ್ತಿತ್ತು.

"ಏಳೇ ಮೇಲೆ. ನಿಮ್ಮಜ್ಜಿ ಎಲ್ಲಿ?"

ನಾನು ಅರ್ಧ ಎದ್ದೆ. ಆದರೆ ಡಬ್ಬಿ ಬಿಡಲಿಲ್ಲ.

"ಅಪ್ಪಾ, ಈಗ ಕೀಳಂಗಿಲ್ಲ. ದಾರೀಲೈತೆ. ಈಗ ಕಿತ್ರೆ ಎರಡ್ ಕಡೇನೂ ಹೋಯ್ತದೆ."

ಅಪ್ಪ ಬಗ್ಗಿ ವೈರನ್ನು ನೋಡಿದ. ಅದರ ಒಂದು ತುದಿ ನನ್ನ ಕೈಯಲ್ಲಿ, ಇನ್ನೊಂದು ತುದಿ ತಂಗಿಯ ಮಗಳ ಕೈಯಲ್ಲಿ. ನಡುವೆ ಕತ್ತರಿಸಿದರೆ ಏನಾಗುತ್ತದೆಂದು ನೇಯುವವನಿಗೆ ಹೇಳಿಕೊಡಬೇಕಿರಲಿಲ್ಲ.

"ಎಷ್ಟೊತ್ತಾಯ್ತದೆ?"

ನಾನು ಬಾಯಿ ತೆರೆಯುವಷ್ಟರಲ್ಲಿ ಸುಜಾತ, "ಇನ್ನಾ ಬಾಳ ಐತೆ ಮಾವ" ಎಂದಳು.

ನಿಜಕ್ಕೂ ಆಗಲೇ ಮುಗಿದಿತ್ತು. ನೂರೈವತ್ತನೆಯದು ಬಂದು ಕೂತು, ಪರದೆಯ ಮೇಲೆ ಸಾಲು ತುಂಬಿತ್ತು. ಸುಜಾತ ನನ್ನನ್ನು ನೋಡಿದಳು, ನಾನು ಅವಳನ್ನು ನೋಡಿದೆ. ಅವಳು ಆ ಬಡಕಲು ಹುಳವನ್ನು ನನಗೆ ಕಳಿಸಿದಳು. ನಾನು ವಾಪಸು ಕಳಿಸಿದೆ. ಅವಳು ಮತ್ತೆ ಕಳಿಸಿದಳು. ಅಪ್ಪ ಸ್ವಲ್ಪ ಹೊತ್ತು ಬಿಸಿಲಲ್ಲಿ ನಿಂತ, ಆಮೇಲೆ ಮರದ ನೆರಳಿಗೆ ಬಂದ, ಆಮೇಲೆ ಬೇರೆ ದಾರಿ ಕಾಣದೆ ಜಗಲಿಯ ಮೇಲೆ ಕೂತ. ಅತ್ತೆ ಚೊಂಬಿನಲ್ಲಿ ನೀರು ತಂದು ಪಕ್ಕದಲ್ಲಿಟ್ಟಳು. ಅವನು ಬೇರೆ ಕಡೆ ನೋಡಿದ.

"ನೀರಿಗೇನು ಹಗೆ ಐತಾ ಅಣ್ಣ?"

ಅಪ್ಪ ಚೊಂಬನ್ನು ಎತ್ತಿ, ಉಸಿರು ಬಿಡದೆ ಕುಡಿದ. ಎಷ್ಟು ಬಾಯಾರಿತ್ತೋ. ಹುಳ ಆ ಕಡೆ ಹೋಯಿತು, ಈ ಕಡೆ ಬಂತು. ಅಡುಗೆಮನೆಯಿಂದ ಮುದ್ದೆ, ಹುರುಳಿ ಸಾರಿನ ವಾಸನೆ ಬಂತು. ಅತ್ತೆ ಊಟಕ್ಕೆ ಏಳೆಂದಳು. ಅಪ್ಪ ತಲೆ ತಗ್ಗಿಸಿ, "ಹೊಸಲು ತುಳಿಯಲ್ಲ ಅಂದ್ಬುಟ್ಟಿವ್ನಿ ಕಣಮ್ಮ" ಎಂದ. ದನಿಯಲ್ಲಿ ಸಿಟ್ಟಿರಲಿಲ್ಲ, ಸಿಕ್ಕಿಹಾಕಿಕೊಂಡವನ ದನಿ ಅದು. ಅತ್ತೆ ಒಳಗೆ ಹೋಗಿ, ಎರಡು ತಟ್ಟೆ ತಂದು, ಒಂದನ್ನು ಹೊಸಲಿನ ಹೊರಗೆ ಅವನ ಮುಂದಿಟ್ಟಳು. ಇನ್ನೊಂದನ್ನು ಹೊಸಲಿನ ಒಳಗೆ ಇಟ್ಟುಕೊಂಡು ತಾನು ಕೂತಳು. ಅಣ್ಣ ತಂಗಿ ಹಾಗೆ ಎದುರುಬದುರಾಗಿ ಉಂಡರು. ಅಕ್ಕನ ಮಾತನ್ನು ಯಾರೂ ಎತ್ತಲಿಲ್ಲ, ಯಾರೂ ಯಾರ ಕ್ಷಮೆಯನ್ನೂ ಕೇಳಲಿಲ್ಲ. ಒಮ್ಮೆ ಅಪ್ಪ, "ಸಾರಿಗೆ ಉಪ್ಪು ಕಮ್ಮಿ" ಎಂದ. "ಆವಾಗಿಂದ್ಲೂ ನಿಂಗೆ ಉಪ್ಪು ಜಾಸ್ತೀನೇ ಬೇಕು" ಎಂದು ಅತ್ತೆ ಉಪ್ಪಿನ ಡಬ್ಬಿ ಸರಿಸಿದಳು. ಒಳಗೆ ಕಂಬಕ್ಕೆ ಒರಗಿ ಕೂತಿದ್ದ ಅಜ್ಜಿ ಕಣ್ಣು ಮುಚ್ಚಿಕೊಂಡಿದ್ದಳು, ನಿದ್ದೆ ಬಂದವಳ ಹಾಗೆ.

ಹೊರಡುವಾಗ ಅಜ್ಜಿ ಏಳಲಿಲ್ಲ. "ನಾನು ಇದ್ದು ಬತ್ತೀನಿ. ನೀವು ಹೋಗ್ರಿ" ಎಂದಳು. ಅಪ್ಪ ಸರಿ ಎಂದ.

ಬಸ್ಸಿನಲ್ಲಿ ನನಗೆ ಕಿಟಕಿಯ ಪಕ್ಕದ ಸೀಟು. ಡಬ್ಬಿ ತೊಡೆಯ ಮೇಲಿತ್ತು. ಎಷ್ಟು ದಿನದಿಂದ ಬೇಡಿದ್ದೆನೋ ಅದು ಪೂರ್ತಿಯಾಗಿತ್ತು. ಆದರೆ ನನ್ನ ಕೈಗಳು ಗುಂಡಿಗಳ ಮೇಲೆ ಸುಮ್ಮನೆ ಓಡಾಡುತ್ತಿದ್ದವು. ಹಿಡಿಯುವುದು ಏನೂ ಉಳಿದಿರಲಿಲ್ಲ. ಎದೆಯಲ್ಲಿ ಕುಣಿತವೂ ಇರಲಿಲ್ಲ, ನೆಮ್ಮದಿಯೂ ಇರಲಿಲ್ಲ. ಎಲ್ಲಿ ಕೂರಬೇಕೆಂದು ತಿಳಿಯದ ಹಾಗೆ ಇತ್ತು. ನಾನು ಕೂತಲ್ಲೇ ಮಿಸುಕಾಡುವುದನ್ನು ಅಪ್ಪ ನೋಡುತ್ತಿದ್ದ.

"ಮುಗೀತಾ?"

"ಮುಗೀತಪ್ಪ."

"ಈಗೇನ್ ಮಾಡ್ತೀಯ?"

"ಗೊತ್ತಿಲ್ಲ."

"ನೇಯ್ದ ಸೀರೆ ಮಗ್ಗದಿಂದ ಕೊಯ್ದು ತೆಗೆದ ದಿನ ನಂಗೂ ಇಂಗೇ ಆಯ್ತದೆ" ಎಂದ ಅಪ್ಪ. "ಇನ್ನೊಂದು ಹಾಸಿನ ನೂಲು ಹೂಡೋಗಂಟ ಕೈಗೆ ಏನ್ ಮಾಡ್ಬೇಕು ಅಂತ್ಲೇ ತಿಳಿಯಾಕಿಲ್ಲ."

ಅಪ್ಪ ತನ್ನ ಬಗ್ಗೆ ನನ್ನ ಹತ್ತಿರ ಅಂಥ ಮಾತು ಆಡಿದ್ದು ಅದೇ ಮೊದಲು. ಮಗ್ಗದ ಮುಂದೆ ಬಂಡೆಯಂತೆ ಕೂತಿರುತ್ತಿದ್ದ ಅವನೊಳಗೂ ಯಾರೋ ಓಡುತ್ತಿದ್ದಾರೆ ಎಂದು ನನಗೆ ಹೊಳೆದಿರಲಿಲ್ಲ. ಅವನು ಕೈ ಚಾಚಿದ.

"ತೋರ್ಸು ನೋಡಾನ. ಮೊದಲಿಂದ ತೋರ್ಸು."

ಕಿಟಕಿಯ ಬೆಳಕಿಗೆ ಡಬ್ಬಿಯನ್ನು ಓರೆ ಮಾಡಿ ಹಿಡಿದು ಒಂದೊಂದನ್ನೇ ತೋರಿಸಿದೆ. ಅವನು ಪ್ರತಿಯೊಂದಕ್ಕೂ ಇದು ಎಲ್ಲಿ ಸಿಕ್ಕಿತು ಎಂದು ಕೇಳಿದ. ಗುಹೆಯಲ್ಲಿ, ಹೊಳೆಯಲ್ಲಿ, ಹುಲ್ಲಿನಲ್ಲಿ ಎನ್ನುತ್ತ ಹೋದೆ. ಪೆನುಕೊಂಡದಲ್ಲಿ ಬಸ್ಸು ಬದಲಿಸಿ, ಸೀಟು ಹಿಡಿದು ಕೂತ ಮೇಲೂ ಬಿಡಲಿಲ್ಲ. ಸೋಮಂದೇಪಲ್ಲಿ ಹತ್ತಿರ ಬರುವಾಗ ಉದ್ದ ಬಾಲದ ಒಂದರ ಮೇಲೆ ಅವನ ಬೆರಳು ನಿಂತಿತು.

"ಇದು ಯಾವೂರ್ದು?"

"ಇದು ನಮ್ಮಲ್ಲಿ ಸಿಗಾಕಿಲ್ಲಪ್ಪ. ಕಲ್ಯಾಣದುರ್ಗದ್ದು."

ಅಪ್ಪ ಅದನ್ನು ಉಳಿದವುಗಳಿಗಿಂತ ಹೆಚ್ಚು ಹೊತ್ತು ನೋಡಿದ. ಆಮೇಲೆ ಬೆರಳು ತೆಗೆದ.

"ಸರಿ, ಮುಂದಿಂದು ತೋರ್ಸು."